ಕುವೈತ್ ಬಿಟ್ಟು ಬರುವಾಗ ನಾವು ಏನೇನು ಕಟ್ಟಿಕೊಂಡೆವು

1990ರ ಆಗಸ್ಟ್ 2ಕ್ಕೆ ಇರಾಕಿನ ಸೈನ್ಯ ಒಳಗೆ ಬಂತು, ವಿಮಾನ ನಿಲ್ದಾಣ ಬಂದ್. ಊರಿಗೆ ಹೋಗಬೇಕೆಂದರೆ ನಮ್ಮ ಮೇಲೆ ನುಗ್ಗಿದವರ ದೇಶದ ಒಳಗಿಂದಲೇ ಹೋಗಬೇಕು. ಬಸ್ರಾ, ಬಾಗ್ದಾದ್, ಅಲ್ಲಿಂದ ಮರುಭೂಮಿ ದಾಟಿ ಜೋರ್ಡಾನಿನ ಅಮ್ಮಾನ್, ಆಮೇಲೆ ಬೊಂಬಾಯಿಗೆ ವಿಮಾನ. ಮಂಗಳೂರು, ಉಡುಪಿ ಕಡೆಯ ಎಷ್ಟೋ ಮನೆಗಳಲ್ಲಿ ಈ ದಾರಿ ಕಂಡವರು ಈಗಲೂ ಇದ್ದಾರೆ.

ದೊಡ್ಡ ತಲೆನೋವು ದುಡ್ಡಿನದು. ಬ್ಯಾಂಕಿನಲ್ಲಿದ್ದದ್ದು ಅಲ್ಲೇ ಉಳಿಯಿತು. ಕುವೈತಿ ದಿನಾರಿಗೆ ಇರಾಕಿ ದಿನಾರಿಗಿಂತ ಹಲವು ಪಟ್ಟು ಬೆಲೆ ಇತ್ತಲ್ವಾ, ಸದ್ದಾಂ ಸರ್ಕಾರ ಎರಡೂ ಸಮ ಅಂದುಬಿಟ್ಟಿತು. ನಾವು ನೋಟು ನಂಬಲಿಲ್ಲ. ಹೆಂಡತಿ ತನ್ನ ಬಳೆ, ಕರಿಮಣಿ ಎಲ್ಲ ಮಗುವಿನ ರಜಾಯಿಯ ಅಂಚು ಬಿಚ್ಚಿ ಒಳಗಿಟ್ಟು ಮತ್ತೆ ಹೊಲಿದಳು, ಮೇಲೆ ಸ್ವಲ್ಪ ಹಾಲು ಚೆಲ್ಲಿದಳು. ಆ ಹುಳಿ ವಾಸನೆಗೆ ಚೆಕ್‌ಪೋಸ್ಟಿನಲ್ಲಿ ಯಾರೂ ಅದನ್ನು ಮುಟ್ಟಲಿಲ್ಲ. ಟೀವಿ, ಫ್ರಿಜ್ಜು, ಕಾರು ಬಿಟ್ಟೆವು. ಕಾಗದ ಮಾತ್ರ ಒಂದೂ ಬಿಡಲಿಲ್ಲ: ಸಂಬಳದ ಚೀಟಿ, ಬ್ಯಾಂಕಿನ ಪುಸ್ತಕ, ಮನೆ ಬಾಡಿಗೆಯ ರಸೀದಿ, ಎಲ್ಲ ಪ್ಲಾಸ್ಟಿಕ್ಕಿನಲ್ಲಿ ಸುತ್ತಿ ನನ್ನ ಹೊಟ್ಟೆಗೆ ಕಟ್ಟಿಕೊಂಡೆ. ಬಸ್ಸಿನಲ್ಲಿ ಪಕ್ಕದವರು ನಕ್ಕರು, ನಗಲಿ.

ಬಾಗ್ದಾದ್‌ವರೆಗೆ ಹೇಗೋ ಆಯಿತು. ಗೋಳು ಶುರುವಾದದ್ದು ಇರಾಕ್ ಮತ್ತು ಜೋರ್ಡಾನ್ ಗಡಿಯ ನಡುವಿನ ಯಾರದ್ದೂ ಅಲ್ಲದ ಜಾಗದಲ್ಲಿ. ಶಾಲಾನ್ ಶಿಬಿರ ಅನ್ನುತ್ತಿದ್ದರು. ಡೇರೆ, ಮರಳು, ಸಾವಿರಾರು ಜನ. ನೀರಿನ ಟ್ಯಾಂಕರ್ ಕಂಡ ಕೂಡಲೇ ಜನ ಮೈಮೇಲೆ ಬೀಳುತ್ತಿದ್ದರು, ಅದಕ್ಕೇ ನಾವಿಬ್ಬರೂ ಒಟ್ಟಿಗೆ ಡೇರೆ ಬಿಡುತ್ತಿರಲಿಲ್ಲ, ಒಬ್ಬರು ಸಾಲಿನಲ್ಲಿ, ಒಬ್ಬರು ಮಗು ಮತ್ತು ಗಂಟಿನ ಹತ್ತಿರ. ಕುಬ್ಬೂಸ್, ಅಂದರೆ ಅಲ್ಲಿನ ರೊಟ್ಟಿ, ಒಣಗಿ ಹಪ್ಪಳವಾಯಿತು. ಕೈಹಿಡಿದದ್ದು ಅವಲಕ್ಕಿ. ಒಂದು ಹಿಡಿಗೆ ಎರಡು ಗುಟುಕು ನೀರು ಸಾಕು, ಸ್ವಲ್ಪ ಸಕ್ಕರೆ ಇದ್ದರೆ ಮಗುವಿಗೂ ಆಗುತ್ತದೆ.

ಅಮ್ಮಾನಿನಿಂದ ಏರ್ ಇಂಡಿಯಾ ಕರೆತಂದಿತು. ಒಂದು ಲಕ್ಷಕ್ಕೂ ಜಾಸ್ತಿ ಜನರನ್ನು ಹಾಗೆ ತಂದರು.

ಹೊಟ್ಟೆಗೆ ಕಟ್ಟಿದ್ದ ಗಂಟು ಉಪಯೋಗಕ್ಕೆ ಬಂದದ್ದು ಆಮೇಲೆ. ಆಗಸ್ಟ್ 2ರಿಂದ 1991ರ ಮಾರ್ಚ್ 2ರ ಒಳಗೆ ಹೊರಬಂದವರಿಗೆ ವಿಶ್ವಸಂಸ್ಥೆಯ ಪರಿಹಾರ ಆಯೋಗ ದುಡ್ಡು ಕೊಡುತ್ತದೆ ಅಂದರು. ಬೇರೆ ನಷ್ಟಕ್ಕೆ ಅಂತ ಇನ್ನೊಂದು ಅರ್ಜಿ ಹಾಕಲ್ಲ ಅಂದರೆ ಕುಟುಂಬಕ್ಕೆ 8,000 ಡಾಲರ್, ಹಾಕ್ತೀವಿ ಅಂದರೆ 5,000. ಕಾಗದ ಇಲ್ಲದ ನಮ್ಮ ಗೆಳೆಯರು 8,000ಕ್ಕೇ ಒಪ್ಪಿಕೊಂಡರು. ನಾನು 5,000 ಹಿಡಿದು, ಸಂಬಳ ಮತ್ತು ಸಾಮಾನಿನ ನಷ್ಟಕ್ಕೆ ರಸೀದಿ ಸಮೇತ ಇನ್ನೊಂದು ಅರ್ಜಿ ಬರೆದೆ. ದುಡ್ಡು ಬರಲು ವರ್ಷಗಟ್ಟಲೆ ಹಿಡಿಯಿತು, ಆದರೆ ಬಂತು.