ಬೀಗ ಒಮ್ಮೆ ಹಾಕಿ ಹೊರಡುವುದು: ಗೀಳಿನ ಸುತ್ತು ಸಡಿಲಿಸುವ ಬಗೆ

ಗ್ಯಾಸ್ ಆಫ್ ಮಾಡಿದ್ದನ್ನು ಕಣ್ಣಾರೆ ಕಂಡಿದ್ದರೂ ಐದನೇ ಸಲ ಅಡುಗೆಮನೆಗೆ ಓಡುವುದು ಮರೆವಲ್ಲ. ಕಣ್ಣುಗುಡ್ಡೆಗಳ ಮೇಲ್ಭಾಗದಲ್ಲಿರುವ ಆರ್ಬಿಟೋಫ್ರಂಟಲ್ ಕಾರ್ಟೆಕ್ಸ್ ಎಂಬ ಮೆದುಳಿನ ಭಾಗ 'ಏನೋ ತಪ್ಪಿದೆ' ಎನ್ನುತ್ತದೆ. ಆ ಸುದ್ದಿ ಮೆದುಳಿನ ಒಳಭಾಗದ ಕಾಡೇಟ್‌ಗೆ ಇಳಿದು, ಸುದ್ದಿ ದಾಟಿಸುವ ಥಾಲಮಸ್ ಹಾದು, ಮತ್ತೆ ಕಾರ್ಟೆಕ್ಸ್‌ಗೇ ಬರುತ್ತದೆ. ಒಮ್ಮೆ ನೋಡಿದರೆ ತಣ್ಣಗಾಗಬೇಕಾದ ಈ ಸುತ್ತು ಗೀಳು ರೋಗದಲ್ಲಿ, ಅಂದರೆ ಒಸಿಡಿಯಲ್ಲಿ, ತಣ್ಣಗಾಗುವುದೇ ಇಲ್ಲ. ನೋಡಿ ಬಂದಾಗ ಸಿಗುವ ಗಳಿಗೆಯ ಸಮಾಧಾನವೇ ಅದಕ್ಕೆ ಮೇವು. ಪದೇ ಪದೇ ನೋಡಿದಷ್ಟೂ ನೆನಪು ಮಸುಕಾಗಿ ಅನುಮಾನ ಬಲಿಯುತ್ತದೆ.

ಈ ಸುತ್ತು ಬದಲಾಗುತ್ತದೆ. ಮಾತ್ರೆಯಿಂದ ಗುಣ ಕಂಡವರಲ್ಲೂ, ಬರೀ ವರ್ತನಾ ಚಿಕಿತ್ಸೆಯಿಂದ ಗುಣ ಕಂಡವರಲ್ಲೂ ಕಾಡೇಟ್‌ನ ಅತಿ ಚಟುವಟಿಕೆ ಇಳಿದದ್ದನ್ನು ಅಮೆರಿಕದ ಸಂಶೋಧಕರು 1992ರಲ್ಲೇ ಸ್ಕ್ಯಾನ್‌ನಲ್ಲಿ ಕಂಡರು.

ಆ ವರ್ತನಾ ಚಿಕಿತ್ಸೆಯ ಅಭ್ಯಾಸ ಹೀಗೆ. ಒಂದು ನೋಟ್‌ಬುಕ್ಕಿನಲ್ಲಿ ನಿಮ್ಮನ್ನು ಕಾಡುವ ಸಂದರ್ಭಗಳನ್ನು ಬರೆದು, ಒಂದೊಂದಕ್ಕೂ 0ಯಿಂದ 100ರ ತನಕ ಆತಂಕದ ಅಂಕ ಕೊಡಿ. 40ರ ಆಸುಪಾಸಿನದನ್ನು ಮೊದಲು ಹಿಡಿಯಿರಿ. 90ರಿಂದ ಶುರು ಮಾಡಿದರೆ ಬೇಗ ಕೈಬಿಡಬಹುದು. ಬೀಗವೇ ಆದರೆ: ಹಾಕಿ, ಒಂದೇ ಸಲ ಎಳೆದು ನೋಡಿ, ನಡೆಯಿರಿ. ಗೇಟಿನ ಹತ್ತಿರ ಎದೆ ಡವಗುಟ್ಟುತ್ತದೆ, ಕಾಲು ಹಿಂದಕ್ಕೆಳೆಯುತ್ತದೆ. ತಿರುಗಬೇಡಿ. 'ಹಾಕಿರಬಹುದು, ಹಾಕದೆಯೂ ಇರಬಹುದು' ಎಂದುಕೊಂಡು ಮುಂದೆ ಹೋಗಿ, ಐದೈದು ನಿಮಿಷಕ್ಕೆ ಅಂಕ ಬರೆಯಿರಿ. ಅಂಕ ತಕ್ಷಣ ಇಳಿಯದಿದ್ದರೆ ಸೋತಿರೆಂದಲ್ಲ. ಅನುಮಾನವನ್ನು ಹೊತ್ತುಕೊಂಡೇ ದಿನ ಕಳೆಯಲು ಕಲಿಯುವುದೇ ಇಲ್ಲಿನ ಕೆಲಸ. ದಿನವೂ ಅದನ್ನೇ ಮಾಡಿ, ಅದು ಸಲೀಸೆನಿಸಿದ ಮೇಲೆ ಮುಂದಿನ ಮೆಟ್ಟಿಲಿಗೆ ಹೋಗಿ.

ಹೆಚ್ಚಿನವರು ಎಡವುವುದು ಕಣ್ಣಿಗೆ ಕಾಣದ ಕಡೆ. ಬೀಗದ ಫೋಟೋ ತೆಗೆದಿಡುವುದು, ಹಾಕಿದ ಗಳಿಗೆಯನ್ನು ಮನಸ್ಸಿನಲ್ಲೇ ಮರಳಿ ಓಡಿಸುವುದು, ಇವೂ ತಪಾಸಣೆಗಳೇ. ಮನೆಯವರು 'ಹಾಕಿದ್ದೀಯಮ್ಮಾ, ನಾನೇ ನೋಡಿದೆ' ಎಂದು ಪ್ರೀತಿಯಿಂದ ಹೇಳುವ ಮಾತೂ ಸುತ್ತಿಗೇ ಮೇವು. ಬದಲಿಗೆ 'ಕಷ್ಟ ಆಗ್ತಿದೆ ಅಂತ ಗೊತ್ತು, ಜೊತೆಗಿದ್ದೀನಿ' ಎನ್ನಲು ಅವರನ್ನು ಮೊದಲೇ ಒಪ್ಪಿಸಿ.

ತಪಾಸಣೆಗೆ ದಿನಕ್ಕೆ ಗಂಟೆಗಿಂತ ಹೆಚ್ಚು ಹೋಗುತ್ತಿದ್ದರೆ ಮನೋವೈದ್ಯರ ಮಾರ್ಗದರ್ಶನದಲ್ಲೇ ಇದನ್ನು ಮಾಡಿ. ಬೆಂಗಳೂರಿನ ನಿಮ್ಹಾನ್ಸ್‌ನಲ್ಲಿ ಇದಕ್ಕೆಂದೇ ಒಸಿಡಿ ಕ್ಲಿನಿಕ್ ಇದೆ. ಗೀಳಿಗೆ ಸಾಮಾನ್ಯವಾಗಿ ಕೊಡುವ ಎಸ್‌ಎಸ್‌ಆರ್‌ಐ ಎಂಬ ಬಗೆಯ ಮಾತ್ರೆಗಳ ಗುಣ ತಿಳಿಯಲು 8ರಿಂದ 12 ವಾರ ಬೇಕು; ಮೂರನೇ ವಾರಕ್ಕೇ 'ಪ್ರಯೋಜನವಿಲ್ಲ' ಎಂದು ನಿಲ್ಲಿಸಬೇಡಿ. ಐವತ್ತು ದಾಟಿದ ಮೇಲೆ ಮೊದಲ ಬಾರಿ ಗೀಳು ಕಾಣಿಸಿದರೆ ನರರೋಗ ತಜ್ಞರಿಗೂ ತೋರಿಸಿ. ಸಾಯುವ ಯೋಚನೆ ಬಂದರೆ ತಡಮಾಡದೆ ಸರ್ಕಾರದ ಮಾನಸಿಕ ಆರೋಗ್ಯ ಸಹಾಯವಾಣಿ ಟೆಲಿ ಮಾನಸ್ 14416ಕ್ಕೆ ಕರೆ ಮಾಡಿ, ಕನ್ನಡದಲ್ಲೇ ಮಾತನಾಡಬಹುದು.