ಚರಗ ಚೆಲ್ಲಿದ ಹೊಲಕ್ಕೆ ಪಂಪು ಹೊರುವ ಮುನ್ನ

ಎಳ್ಳ ಅಮಾವಾಸ್ಯೆಯ ದಿನ ಯಲಬುರ್ಗಾ ತಾಲ್ಲೂಕಿನ ಎರೆಹೊಲಗಳಲ್ಲಿ ಊರಿಗೆ ಊರೇ ಸೇರಿರುತ್ತದೆ. ಬನ್ನಿ ಗಿಡದ ಬುಡದಲ್ಲಿ ಐದು ಕಲ್ಲಿಟ್ಟು, ಸುಣ್ಣ ಬಳಿದು, ಪಾಂಡವರೆಂದು ಪೂಜಿಸಿ ಎಡೆ ಹಿಡಿಯುತ್ತೇವೆ. ಬುಟ್ಟಿಯಲ್ಲಿ ತಂದ ಸಜ್ಜೆ ರೊಟ್ಟಿ, ಕಡುಬು, ಪುಂಡಿಪಲ್ಯ, ಅನ್ನವನ್ನು ಒಟ್ಟಿಗೆ ಕಿವುಚಿ ಒಬ್ಬರು ಎರಚುತ್ತಾ ಮುಂದೆ ಹೋದರೆ, ಇನ್ನೊಬ್ಬರು ತಂಬಿಗೆಯ ನೀರು ಚಿಮುಕಿಸುತ್ತಾ ಹಿಂದೆ ಹೋಗುತ್ತಾರೆ. ಇದೇ ಚರಗ. ಮನೆಯವರು ಊಟಕ್ಕೆ ಕೂರುವುದು ಆಮೇಲೆಯೇ. ನಮ್ಮ ಮನೆಯಲ್ಲಿ ಇದು ಕಾಕಾನ ಕೆಲಸವಾಗಿತ್ತು. ಅವರಿಗೆ ಮೊಣಕಾಲು ಬೇನೆ ಬಂದ ಮೇಲೆ ನನ್ನ ಪಾಲಿಗೆ ಬಂತು.

ಚರಗ ಯಾರಿಗೆ ಎಂದು ಕೇಳಿದರೆ ಕಾಕಾನ ಉತ್ತರ ಒಂದೇ: ‘ಭೂಮಿತಾಯಿಗೆ, ಹಕ್ಕಿಪಕ್ಷಿಗೆ, ಇರುವೆಗೆ, ಕಣ್ಣಿಗೆ ಕಾಣದ್ದಕ್ಕೆ.’ ಆದರೆ ಅಮಾವಾಸ್ಯೆ ಕಳೆದು ಎರಡು ದಿನಕ್ಕೆ ನಮ್ಮ ಸೀಮೆಯ ತುಂಬ ಔಷಧ ಹೊಡೆಯುವ ಪಂಪಿನ ಸದ್ದು. ಕಡಲೆಗೆ ಕಾಯಿಕೊರಕ ಬಿದ್ದಿರುತ್ತದೆ, ಅಂಗಡಿಯವರು ಕೊಟ್ಟ ಡಬ್ಬಿಯನ್ನು ಎಲ್ಲರೂ ಹೊಡೆಯುತ್ತಿರುತ್ತಾರೆ. ಬಹುಕಾಲ ಆ ಡಬ್ಬಿಯ ಮೇಲಿದ್ದ ಹೆಸರು ಮೊನೊಕ್ರೊಟೊಫಾಸ್. ಹಕ್ಕಿಗಳಿಗೆ ಇದಕ್ಕಿಂತ ಕೇಡಿನ ಔಷಧ ಕಡಿಮೆ. 1995–96ರಲ್ಲಿ ಅರ್ಜೆಂಟೀನಾದ ಹೊಲಗಳಲ್ಲಿ ಮಿಡತೆಗೆಂದು ಇದನ್ನು ಸಿಂಪಡಿಸಿದಾಗ, ಆ ಮಿಡತೆಗಳನ್ನು ತಿಂದ ಸಾವಿರಾರು ವಲಸೆ ಗಿಡುಗಗಳು ಸತ್ತವು. ಕರೆದು ಉಣ್ಣಿಸಿದವರಿಗೆ ನಾವು ಎರಡನೆಯ ಪಂಕ್ತಿಯಲ್ಲಿ ಬಡಿಸುತ್ತಿದ್ದುದು ಇದನ್ನು. ಯಾವ ಶಾಸ್ತ್ರ ಓದದಿದ್ದರೂ ಇದರ ಸರಿತಪ್ಪು ತಿಳಿಯುತ್ತದೆ. ಚರಗದ ಹೊಣೆ ಕೈಗೆ ಬಂದಾಗ ನಾನು ಮಾಡಿಕೊಂಡ ತೀರ್ಮಾನ ಇಷ್ಟೇ: ಚರಗಕ್ಕೆ ಕರೆದವರು ಉಂಡು ಬದುಕಿ ಹೋಗಬೇಕು, ಬೇಸಾಯ ಅದಕ್ಕೆ ಹೊಂದಿಕೊಳ್ಳಬೇಕು.

ಕೆಲಸ ಬಿತ್ತನೆಯಿಂದಲೇ ಶುರುವಾಗುತ್ತದೆ. ಅಕ್ಟೋಬರಿನಲ್ಲಿ ಜೆಜಿ-11 ತಳಿಯ ಕಡಲೆ ಬಿತ್ತುವಾಗ ಬೀಜದೊಂದಿಗೆ ಎಕರೆಗೆ ಒಂದು ಹಿಡಿ ಜೋಳ ಬೆರೆಸುತ್ತೇನೆ. ನಡುನಡುವೆ ಅಕ್ಕಡಿ (ಮಿಶ್ರಬೆಳೆ) ಸಾಲಾಗಿ ಕುಸುಬೆ, ಬದುವಿನಗುಂಟ ಕೊತ್ತಂಬರಿ. ಕೊತ್ತಂಬರಿ ಹೂವಿಗೆ ಬರುವ ಸಣ್ಣ ಕಣಜಗಳಲ್ಲಿ ಕೆಲವು ಹುಳುವಿನ ಮೈಯಲ್ಲೇ ಮೊಟ್ಟೆ ಇಡುತ್ತವೆ. ಅಲ್ಲಲ್ಲಿ ಎದ್ದು ನಿಂತ ಜೋಳದ ದಂಟು ಹಕ್ಕಿಗೆ ಕೂರುವ ತಾವಾಗುತ್ತದೆ. ಸಾಲದಿದ್ದ ಕಡೆ ಕವಲಿರುವ ಜಾಲಿ ಕೊಂಬೆಗಳನ್ನು ಬೆಳೆಗಿಂತ ಒಂದು ಗೇಣು ಮೇಲೆ ಬರುವಂತೆ ನೆಡುತ್ತೇನೆ. ಗಿಡ ತಿಂಗಳಿನದಾದಾಗ ಕುಡಿ ಚಿವುಟಿಸುತ್ತೇನೆ. ಕವಲು ಹೆಚ್ಚುತ್ತದೆ, ಮನೆಗೆ ಹುಳಿಹುಳಿಯಾದ ಪಲ್ಯವೂ ಸಿಗುತ್ತದೆ.

ಕಾಯಿಕೊರಕವನ್ನು ಹತ್ತಿರದಿಂದ ನೋಡಿದವರಿಗೆ ಹಕ್ಕಿಯ ಬೆಲೆ ಗೊತ್ತು. ಹುಳು ಕಾಯಿಗೆ ದುಂಡನೆಯ ತೂತು ಕೊರೆದು ತಲೆಯನ್ನಷ್ಟೇ ಒಳಗೆ ಹಾಕುತ್ತದೆ, ಮುಕ್ಕಾಲು ಮೈ ಹೊರಗೇ ಇರುತ್ತದೆ. ಬೆಳಗಿನ ಹೊತ್ತು ಕೊಂಬೆಯ ಮೇಲೆ ಕುಳಿತ ಕಾಜಾಣ ಒಮ್ಮೆ ಇಳಿದು, ಕಾಯಿ ಅಲುಗದಂತೆ ಅದನ್ನು ಎಳೆದುಕೊಂಡು ಹೋಗುತ್ತದೆ. ಗೊರವಂಕಗಳು ಸಾಲಿನೊಳಗೆ ನಡೆದೇ ಹೆಕ್ಕುತ್ತವೆ.

ಇಲ್ಲೊಂದು ತೊಡಕಿದೆ. ಪಂಚಾಂಗ ಹುಳುವನ್ನು ಕೇಳಿ ನಡೆಯುವುದಿಲ್ಲ. 2024ರಲ್ಲಿ ಎಳ್ಳ ಅಮಾವಾಸ್ಯೆ ಜನವರಿ 11ಕ್ಕೆ ಬಂದಿತ್ತು, ಅದೇ ವರ್ಷ ಡಿಸೆಂಬರ್ 30ಕ್ಕೆ ಮತ್ತೆ ಬಂತು, 2025ರಲ್ಲಿ ಡಿಸೆಂಬರ್ 19ಕ್ಕೆ. ಹುಳುವಾದರೋ ಹೂ ಬಿಡುವ ಹೊತ್ತಿಗೇ, ಅಂದರೆ ನವೆಂಬರ್ ಕೊನೆಗೇ ಹಾಜರು. ಆದ್ದರಿಂದ ಹೂ ಕಂಡ ದಿನದಿಂದ ಅರಿಸಿನ ಹಚ್ಚಿದ ಮಂಡಕ್ಕಿಯನ್ನು ನಸುಕಿನಲ್ಲಿ ಆಗಾಗ ಎರಚುತ್ತೇನೆ. ಮಂಡಕ್ಕಿಗೆ ಬಂದ ಹಕ್ಕಿ ಹುಳುವನ್ನೂ ಕಾಣುತ್ತದೆ.

ಕಾಕಾಗೆ ಇದು ಸೇರಲಿಲ್ಲ. ‘ಪೂಜೆ ಇಲ್ಲದೆ ಎರಚಿದರೆ ಅದು ಚರಗ ಹೇಗಾಯಿತು ತಮ್ಮಾ? ಅದು ಕೂಲಿ ಕೊಟ್ಟಂತೆ’ ಎಂದರು. ಅವರ ಮಾತಿನಲ್ಲಿ ಹುರುಳಿದೆ. ನಮ್ಮ ಹಿರಿಯರು ಕೀಟ ನಿಯಂತ್ರಣಕ್ಕೆಂದೇ ಹಬ್ಬ ಹೂಡಿದ್ದರು, ಅವರೇ ದೊಡ್ಡ ವಿಜ್ಞಾನಿಗಳು ಎಂದು ವೇದಿಕೆಯ ಮೇಲೆ ಹೇಳುವವರನ್ನು ಕಂಡರೆ ನನಗೂ ರೇಜಿಗೆ. ಚರಗ ಪಾಲು ಕೊಡುವ ಆಚರಣೆ. ಬೆಳೆ ಮನೆಗೆ ಬರುವ ಮೊದಲೇ, ಲಾಭನಷ್ಟ ಗೊತ್ತಾಗುವ ಮೊದಲೇ ಕೊಡುತ್ತೇವೆ. ಸೋಮವಾರ ಎತ್ತಿನ ಹೆಗಲಿಗೆ ನೊಗ ಇಡದಿರುವುದೂ ಇದೇ ಜಾತಿಯದು. ಆ ದಿನದ ಕೆಲಸ ನಿಂತರೆ ನಷ್ಟ ನಮ್ಮದೇ, ಆದರೂ ಬಿಡುತ್ತೇವೆ. ಹಕ್ಕಿ ಹುಳು ತಿನ್ನುವುದು ಪಾಲಿನ ಮೇಲೆ ಬಂದ ಬಡ್ಡಿ. ಬಡ್ಡಿ ಬಾರದ ವರ್ಷವೂ ಚರಗ ಚೆಲ್ಲಲೇಬೇಕು. ಹಾಗಾಗಿ ಮಂಡಕ್ಕಿ ಎರಚುವುದನ್ನು ನಾನು ಚರಗ ಎಂದು ಕರೆಯುವುದಿಲ್ಲ. ಕಾಕಾ ಅಷ್ಟಕ್ಕೆ ಸುಮ್ಮನಾದರು.

ಹಕ್ಕಿಯೊಂದರಿಂದಲೇ ಎಲ್ಲವೂ ಆಗುವುದಿಲ್ಲ. ಮೊಟ್ಟೆ ಕಂಡಾಗ ಶೇ 5ರ ಬೇವಿನ ಬೀಜದ ಕಷಾಯ. ಮೀಟರ್ ಸಾಲಿಗೆ ಒಂದೆರಡು ಹುಳು ಕಂಡರೆ ಎನ್‌ಪಿವಿ ನಂಜಾಣು (ವೈರಸ್) ದ್ರಾವಣ, ಎಕರೆಗೆ 100 ಎಲ್‌ಇ, ಅಂದರೆ ನಂಜು ತಗುಲಿದ ನೂರು ಹುಳುಗಳಿಂದ ಸಿಗುವಷ್ಟು. ತುಸು ಬೆಲ್ಲ ಬೆರೆಸಿ ಸಂಜೆಯೇ ಹೊಡೆಯಬೇಕು, ಬಿಸಿಲಿಗೆ ನಂಜಾಣು ಸಾಯುತ್ತದೆ. ಕೆಲವು ದಿನಗಳಲ್ಲಿ ಹುಳುಗಳು ಮೆತ್ತಗಾಗಿ ತಲೆಕೆಳಗಾಗಿ ಜೋತು ಬೀಳುತ್ತವೆ. ಹಕ್ಕಿಗೆ, ಜೇನಿಗೆ ಇದರಿಂದ ಅಪಾಯವಿಲ್ಲ. ಮೋಡ ಕವಿದು ಹುಳು ಮಿತಿಮೀರಿದ ಒಂದು ವರ್ಷ ಎಮಾಮೆಕ್ಟಿನ್ ಬೆಂಜೊಯೇಟ್ ಎಂಬ ರಾಸಾಯನಿಕ ಕೀಟನಾಶಕವನ್ನೂ ಹೊಡೆದೆ, ಜೇನುಗಳು ಗೂಡು ಸೇರಿದ ಮೇಲೆ. ಕೊಲ್ಲುವುದನ್ನು ಪೂರ್ತಿ ಬಿಟ್ಟ ಬೇಸಾಯ ನನಗೆ ಗೊತ್ತಿಲ್ಲ. ಚರಗವೂ ಅದನ್ನು ಕೇಳುವುದಿಲ್ಲ. ಕಾಯಿಕೊರಕಕ್ಕಾಗಿ ಹೊಡೆದದ್ದು ಕಾಜಾಣಕ್ಕೆ ತಾಗಬಾರದು ಎಂಬಷ್ಟು ಎಚ್ಚರವನ್ನು ಕೇಳುತ್ತದೆ.

ಜೋಳದ ಹೊಲದ ಮಾತು ಬೇರೆ. ಅಲ್ಲಿ ತೆನೆ ಹಾಲು ತುಂಬುವಾಗ ಗಿಳಿ, ಗುಬ್ಬಿ ಹಿಂಡು ಹಿಂಡಾಗಿ ಇಳಿಯುತ್ತವೆ. ಅಟ್ಟ ಹತ್ತಿ ಕೂಗುತ್ತೇವೆ, ಕವಣೆ ಬೀಸುತ್ತೇವೆ. ಕರೆದದ್ದೂ ನಾವೇ, ಓಡಿಸುವುದೂ ನಾವೇ. ಮಗಳು ಇದನ್ನು ಹಿಡಿದು ನನ್ನನ್ನು ಚೆನ್ನಾಗಿಯೇ ಜಗ್ಗಾಡುತ್ತಾಳೆ. ನನ್ನ ಲೆಕ್ಕದಲ್ಲಿ ವಿಷವಿಟ್ಟು ಕೊಲ್ಲುವುದಕ್ಕೂ ಕೂಗಿ ಓಡಿಸುವುದಕ್ಕೂ ಅಂತರವಿದೆ. ಓಡಿದ ಹಕ್ಕಿ ಮರುದಿನ ಬರಬಲ್ಲದು, ಬಂದೂ ಬರುತ್ತದೆ. ಕವಣೆಗೆ ಕಲ್ಲಿನ ಬದಲು ಎರೆಮಣ್ಣಿನ ಹೆಂಟೆ ಹಾಕುವುದು ಮಗಳೊಂದಿಗೆ ಆದ ಒಪ್ಪಂದ. ಬನ್ನಿ ಗಿಡದ ಸುತ್ತಲಿನ ಸಾಲುಗಳ ಕಡೆಗೆ ಕವಣೆ ತಿರುಗಿಸುವುದಿಲ್ಲ.

ಬಗೆಹರಿಯದೆ ಉಳಿದಿರುವುದು ಚಿಗರಿ, ಅಂದರೆ ಕೃಷ್ಣಮೃಗ. ಯಲಬುರ್ಗಾ, ಕುಕನೂರು, ಕೊಪ್ಪಳ ತಾಲ್ಲೂಕುಗಳ ರೈತರೆಲ್ಲರ ದೂರು ಇದು. ಹಿಂಡು ಬಂದರೆ ಚಿಗುರಿದ ಕಡಲೆ ಒಂದೇ ರಾತ್ರಿಗೆ ಬೋಳು. 1972ರ ವನ್ಯಜೀವಿ ಸಂರಕ್ಷಣಾ ಕಾಯ್ದೆಯ ಪ್ರಕಾರ ಅದಕ್ಕೆ ಪೂರ್ಣ ರಕ್ಷಣೆ ಇದೆ, ಇರಬೇಕಾದದ್ದೇ. ಆದರೆ ಅದು ಒಪ್ಪತ್ತಿನ ಎಡೆಗೆ ಸಮಾಧಾನಗೊಳ್ಳುವ ಪ್ರಾಣಿಯಲ್ಲ, ಅದರ ಪಾಲು ನನ್ನೊಬ್ಬನ ಹೊಲದಿಂದ ತೀರುವಂಥದ್ದೂ ಅಲ್ಲ. ಸದ್ಯ ಬದುವಿನ ಮೇಲೆ ಹಳೆಯ ಸೀರೆಗಳನ್ನು ಕಟ್ಟಿದ್ದೇನೆ. ಚಿಗರಿಗಳು ಅವನ್ನು ದಾಟಿ ಬರುವುದನ್ನು ಕಲಿತಿವೆ. ಪಕ್ಕದ ಹೊಲದವರು ಬದುವಿಗೆ ಒತ್ತಾಗಿ ಕುಸುಬೆ ಬಿತ್ತಿದ್ದಾರೆ. ಅದರ ಮುಳ್ಳಿಗೆ ದನವೂ ಹಿಂಜರಿಯುತ್ತದೆ, ಬರುವ ಹಿಂಗಾರಿಗೆ ನಾನೂ ಅದನ್ನು ಬದುವಿಗೆ ಹಾಗೇ ಒತ್ತಾಗಿ ಬಿತ್ತಿ ನೋಡುತ್ತೇನೆ.