ನೆಂಟರಿಗೊಂದು ನಗುವಿನ ಪ್ರವಾಸ ಕೈಪಿಡಿ: ಮನೆಯಲ್ಲೇ ಬರೆಯುವ ಬಗೆ

ನಾನು ಹುಟ್ಟಿದ್ದು ದುರ್ಗದಲ್ಲಿ, ಅಂದರೆ ಚಿತ್ರದುರ್ಗದಲ್ಲಿ, ಸೊಸೆಯಾಗಿ ಬಂದಿದ್ದು ದಾವಣಗೆರೆಗೆ. ನಡುವೆ ಸುಮಾರು 60 ಕಿಲೋಮೀಟರ್ ದಾರಿ. ದಸರಾ ರಜೆಗೆ ಕಾರ್ಕಳದಿಂದ ನಾದಿನಿ ಮನೆಯವರು ಬಂದರೆ ಎರಡೂ ಊರು ತೋರಿಸುವ ಕೆಲಸ ನನ್ನದು. ಆರು ವರ್ಷದಿಂದ ಅವರಿಗಾಗಿ 16 ಪುಟದ ಒಂದು ಪುಟ್ಟ ಪುಸ್ತಕ ಮಾಡುತ್ತಾ ಬಂದಿದ್ದೇನೆ. ಓದಿದರೆ ನಗು ಬರಬೇಕು, ಕೈಯಲ್ಲಿ ಹಿಡಿದು ಹೊರಟರೆ ದಾರಿಯೂ ತಪ್ಪಬಾರದು. ನಿಮ್ಮೂರಿಗೂ ಇಂಥದ್ದೊಂದು ಮಾಡಬಹುದು. ಹೇಗೆ ಅಂತ ಹೇಳುತ್ತೇನೆ.

ಮೊದಲ ವರ್ಷ ನಾನು ಇತಿಹಾಸದಿಂದ ಶುರು ಮಾಡಿದ್ದೆ. ನಾಯಕರ ಹೆಸರು, ಏಳು ಸುತ್ತು, 1779ರಲ್ಲಿ ಹೈದರಾಲಿ ಕೋಟೆ ಹಿಡಿದದ್ದು, ಎಲ್ಲಾ ಸರಿಯಾಗಿತ್ತು. ಆದರೆ ಎರಡನೇ ಪುಟ ಯಾರೂ ತಿರುಗಿಸಲಿಲ್ಲ. ಆ ಮಳೆಗಾಲದಲ್ಲಿ ಕೂತು ನಗಿಸುವ ಪ್ರವಾಸದ ಪುಸ್ತಕಗಳನ್ನು ಹುಡುಕಿ ಓದಿದೆ. ನೀವೂ ಬರೆಯುವ ಮೊದಲು ಎರಡು ಮೂರು ಓದಿಕೊಳ್ಳಿ.

ಇಂಗ್ಲೆಂಡಿನ ಲೇಖಕ ಜೆರೋಮ್ ಕೆ. ಜೆರೋಮ್ 1889ರಲ್ಲಿ ಮೂವರು ಗೆಳೆಯರು ಮತ್ತು ಒಂದು ನಾಯಿ ಥೇಮ್ಸ್ ನದಿಯಲ್ಲಿ ದೋಣಿಯಲ್ಲಿ ಹೋದ ಕಥೆ ಬರೆದ. ಅದರಲ್ಲಿ ನದಿ ದಂಡೆಯ ಊರುಗಳ ವರ್ಣನೆಯೂ ಇದೆ, ಚರಿತ್ರೆಯೂ ಇದೆ. ಆದರೆ ಓದಿದವರ ತಲೆಯಲ್ಲಿ ಉಳಿಯೋದು ಅನಾನಸ್ ಡಬ್ಬಿ. ಡಬ್ಬಿ ಇದೆ, ಬಿಚ್ಚುವ ಸಾಧನ ತಂದಿಲ್ಲ. ಚಾಕು, ಕತ್ತರಿ, ಕಲ್ಲು, ಕೊನೆಗೆ ದೋಣಿಯ ಕಂಬದಿಂದಲೂ ಹೊಡೆಯುತ್ತಾರೆ. ಆಗದೆ ಡಬ್ಬಿಯನ್ನೇ ನದಿಗೆ ಎಸೆಯುತ್ತಾರೆ. ಹಸಿವು, ಸುಸ್ತು, ಮರೆತು ಬಂದ ಸಾಮಾನು, ಇವು ಎಲ್ಲ ಊರಿನವರಿಗೂ ಗೊತ್ತು. ನಗು ಹುಟ್ಟೋದು ಅಲ್ಲಿಂದ.

ಅಮೆರಿಕದ ಲೇಖಕ ಮಾರ್ಕ್ ಟ್ವೇನ್ 1867ರಲ್ಲಿ ಹಡಗಿನಲ್ಲಿ ಯುರೋಪಿಗೂ ಜೆರುಸಲೇಮಿಗೂ ಹೋಗಿ ಬಂದು 1869ರಲ್ಲಿ ಪುಸ್ತಕ ತಂದ. ಗೈಡು ಕೊಲಂಬಸ್ ಬಗ್ಗೆ ಉತ್ಸಾಹದಿಂದ ಹೇಳುತ್ತಿದ್ದರೆ ಟ್ವೇನ್ ಮತ್ತು ಜೊತೆಯವರು 'ಅವರು ತೀರಿಕೊಂಡರಾ?' ಅಂತ ಕೇಳಿ ಅವನನ್ನು ಸುಸ್ತು ಮಾಡುತ್ತಾರೆ. ಅಷ್ಟೇ ಅಲ್ಲ, ತನ್ನ ಜೊತೆ ಬಂದ ಪ್ರವಾಸಿಗಳನ್ನೂ ಟ್ವೇನ್ ಬಿಡುವುದಿಲ್ಲ. ನೋಡೋಕೆ ಬಂದವರ ಕಡೆಗೂ ನಗು ತಿರುಗಿರೋದು ನನಗೆ ತುಂಬಾ ಇಷ್ಟವಾಯಿತು. ಕನ್ನಡದಲ್ಲಾದರೆ ಗೊರೂರು ರಾಮಸ್ವಾಮಿ ಅಯ್ಯಂಗಾರ್ ಅವರ 'ಅಮೆರಿಕದಲ್ಲಿ ಗೊರೂರು' ಓದಿ. 1980ರಲ್ಲಿ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದ ಪುಸ್ತಕ ಅದು. ಹೆಸರಲ್ಲೇ ಇದೆ ನೋಡಿ, ಅಮೆರಿಕಕ್ಕೆ ಹೋದರೂ ಜೊತೆಗೆ ಊರು ಹೋಗಿದೆ.

ಈಗ ಬರೆಯುವ ಕೆಲಸ. ಮೇಜಿನ ಮುಂದೆ ಕೂತು ನಗೆ ಮಾತು ಹೊಸೆಯಬೇಡಿ. ನೆಂಟರ ಜೊತೆ ಒಂದು ಸಲ ಊರು ಸುತ್ತಿ, ಅವರು ಆಡಿದ ಮಾತನ್ನು ಅಲ್ಲೇ ಬರೆದುಕೊಳ್ಳಿ. ನಾನು ಬಸ್ ಟಿಕೆಟ್ ಹಿಂದೆ ಬರೆಯುತ್ತೇನೆ. ಕೋಟೆಯಲ್ಲಿ ಮದ್ದು ಬೀಸುವ ಕಲ್ಲು ಇದೆಯಲ್ಲ, ಆಳು ಎತ್ತರದ ಚಕ್ರಗಳು, ಅದನ್ನು ನೋಡಿ ನಾದಿನಿಯ ಚಿಕ್ಕ ಮಗ ಕೇಳಿದ: "ಅತ್ತೆ, ಇದರಲ್ಲಿ ದೋಸೆ ಹಿಟ್ಟು ರುಬ್ಬಿದ್ರೆ ಇಡೀ ದಾವಣಗೆರೆಗೆ ಸಾಕಾಗುತ್ತಾ?" ಆ ಪುಟದಲ್ಲಿ ನಾನು ಅವನ ಪ್ರಶ್ನೆಯನ್ನೇ ಮೇಲೆ ಬರೆದು, ಕೆಳಗೆ ಸಿಡಿಮದ್ದು ಅರೆಯುತ್ತಿದ್ದ ಸಂಗತಿ ಹೇಳಿದೆ. ಈಗ ಮಕ್ಕಳು ಎರಡನ್ನೂ ಬಾಯಿಪಾಠ ಹೇಳುತ್ತಾರೆ.

ಪುಟಗಳನ್ನು ಸ್ಮಾರಕಗಳ ಪಟ್ಟಿಯ ಹಾಗೆ ಜೋಡಿಸಬೇಡಿ. ದಿನ ಹೇಗೆ ಸಾಗುತ್ತದೋ ಹಾಗೆ ಜೋಡಿಸಿ. ನನ್ನ ಪುಸ್ತಕದ ತಲೆಬರಹಗಳು ಹೀಗಿವೆ: 'ಎಲ್ಲರೂ ಉತ್ಸಾಹದಲ್ಲಿದ್ದಾಗ', 'ಮೊದಲ ಸಲ ನೀರು ಕೇಳಿದಾಗ', 'ಕೋತಿ ಚೀಲ ನೋಡಿದಾಗ', 'ಇನ್ನೂ ಎಷ್ಟು ದೂರ ಅಂದಾಗ'. ಸಂಪಿಗೆ ಸಿದ್ದೇಶ್ವರ, ಹಿಡಿಂಬೇಶ್ವರ, ಗೋಪಾಲಸ್ವಾಮಿ ಹೊಂಡ, ಅಕ್ಕ-ತಂಗಿ ಹೊಂಡ, ಎಲ್ಲವೂ ಇವುಗಳ ಒಳಗೇ ಬರುತ್ತವೆ. ನೀರು ಕೇಳುವ ಹೊತ್ತಿಗೆ ಹೊಂಡದ ಕಥೆ ಹೇಳಿದರೆ, ಕಲ್ಲುಗುಡ್ಡದ ಮೇಲೆ ಮಳೆನೀರು ಹಿಡಿದಿಟ್ಟವರ ಜಾಣತನ ಚೆನ್ನಾಗಿ ಅರ್ಥವಾಗುತ್ತದೆ.

ಒಂದು ವಿಷಯದಲ್ಲಿ ಮಾತ್ರ ತುಂಬಾ ಹುಷಾರಾಗಿರಿ. ದೂರ, ಹತ್ತುವ ಹೊತ್ತು, ನೀರು, ಚಪ್ಪಲಿ, ಬಿಸಿಲು, ಇವುಗಳಲ್ಲಿ ತಮಾಷೆ ಬೇಡ. ಎರಡನೇ ವರ್ಷ ನಾನು 'ಮೇಲಕ್ಕೆ ಹತ್ತೇ ನಿಮಿಷ, ದುರ್ಗದವರ ಲೆಕ್ಕದಲ್ಲಿ' ಅಂತ ಬರೆದಿದ್ದೆ. ನಾದಿನಿಯ ಅತ್ತೆ ಅದನ್ನು ನಿಜ ಅಂತ ನಂಬಿ, ಜಾರುವ ಚಪ್ಪಲಿ ಹಾಕಿಕೊಂಡು, ಅರ್ಧ ಬಾಟಲಿ ನೀರು ಹಿಡಿದು ಬಂದರು. ಮಧ್ಯದಲ್ಲಿ ತಲೆ ಸುತ್ತಿ ಕೂತುಬಿಟ್ಟರು. ನನಗೆ ಕೈಕಾಲು ತಣ್ಣಗಾಯಿತು. ಆವತ್ತಿನಿಂದ ಹೊರಡುವ ಮುಂಚಿನ ಪುಟ ಪೂರ್ತಿ ಸೀದಾ ಮಾತು: ಬೆಳಿಗ್ಗೆ ಬೇಗ ಹೊರಡಿ, ಅರ್ಧ ದಿನ ಇಟ್ಟುಕೊಳ್ಳಿ, ಕಲ್ಲಿನ ಮೇಲೆ ಹಿಡಿತ ಸಿಗುವ ಶೂ ಹಾಕಿ, ತಲಾ ಒಂದು ಲೀಟರ್ ನೀರು ತನ್ನಿ, ತಿಂಡಿ ಕೈಯಲ್ಲಿ ಹಿಡಿಯದೆ ಚೀಲದೊಳಗಿಡಿ.

ಯಾರನ್ನು ನೋಡಿ ನಗಬೇಕು ಅನ್ನೋದೂ ಮುಖ್ಯ. ನಾನು ಕಳ್ಳೇಕಾಯಿ ಮಾರುವ ಅಜ್ಜಿಯ ಮಾತಿನ ಧಾಟಿಯನ್ನು ನಗೆಗೆ ಬಳಸಲ್ಲ. ಓಬವ್ವನ ಕಿಂಡಿಯ ಪುಟದಲ್ಲೂ ತಮಾಷೆ ಇಲ್ಲ. ನೀರಿಗೆ ಬಂದ ಹೆಂಗಸು ಒನಕೆ ಹಿಡಿದು ನಿಂತ ಜಾಗ ಅದು. ಅಲ್ಲಿ ಒಂದೇ ಸಾಲು: 'ಬಗ್ಗಿ ನೋಡಿ, ಒಬ್ಬರು ತೂರುವುದೇ ಎಷ್ಟು ಕಷ್ಟ ಅಂತ ತಿಳಿಯುತ್ತದೆ.' ನಗುವಿನ ಪುಸ್ತಕದ ನಡುವೆ ಸುಮ್ನೆ ನಿಲ್ಲುವ ಒಂದು ಪುಟ ಇರಲಿ.

ಮಾತಿನ ವ್ಯತ್ಯಾಸ ಬೇಕಾದರೆ ಎರಡೂ ಕಡೆಯವರು ನಗುವ ಹಾಗೆ ತನ್ನಿ. ನಮ್ಮ ಮಂಡಕ್ಕಿ ಮೈಸೂರು ಕಡೆ ಹೋದರೆ ಪುರಿ, ಹುಬ್ಬಳ್ಳಿ ಕಡೆ ಹೋದರೆ ಚುರುಮುರಿ. ಈ ಪುಟದಲ್ಲಿ ಖಾಲಿ ಜಾಗ ಬಿಟ್ಟು 'ನಿಮ್ಮ ಮನೆಯಲ್ಲಿ ಏನಂತೀರಿ?' ಅಂತ ಕೇಳಿದೆ. ಆ ಜಾಗ ತುಂಬಲು ಮನೆಯವರೆಲ್ಲ ಒಂದು ಗಂಟೆ ವಾದ ಮಾಡಿದರು.

ತಿನ್ನೋದಕ್ಕೆ ಜಾಸ್ತಿ ಪುಟ ಕೊಡಿ, ಕಂಜೂಸು ಮಾಡಬೇಡಿ. ಬೆಣ್ಣೆ ದೋಸೆಗೆ ನನ್ನ ಪುಸ್ತಕದಲ್ಲಿ ಮೂರು ಪುಟ. ಹಿಟ್ಟಿಗೆ ಮಂಡಕ್ಕಿ ಹಾಕುವುದು, ಕಟ್ಟಿಗೆ ಒಲೆ, ಬಿಳಿ ಬೆಣ್ಣೆ, ತೆಂಗಿನಕಾಯಿ ಚಟ್ನಿ, ಸಪ್ಪೆಯಾದ ಆಲೂಗಡ್ಡೆ ಪಲ್ಯ, ಎಲ್ಲ ಹೇಳಬೇಕಲ್ವಾ? ಜೊತೆಗೆ ತಿನ್ನುವ ಕ್ರಮ. ನಾದಿನಿಯ ಗಂಡ ದೋಸೆ ಚಿಕ್ಕದು ಅಂತ ಒಟ್ಟಿಗೇ ಮೂರು ಹೇಳಿದರು. ಎರಡನೆಯದು ಮುಗಿಯುವಷ್ಟರಲ್ಲಿ ಮೂರನೆಯದು ತಣ್ಣಗಾಗಿ ಬೆಣ್ಣೆ ಗಟ್ಟಿಯಾಗಿತ್ತು. ತಟ್ಟೆ ನೋಡುತ್ತಾ "ಅತ್ತಿಗೆ, ಇದನ್ನು ಮೊದಲೇ ಹೇಳಬಾರದಿತ್ತಾ?" ಅಂದಳು ನಾದಿನಿ. ಈಗ ದಪ್ಪ ಅಕ್ಷರದಲ್ಲಿದೆ: 'ಒಂದೊಂದೇ ಹೇಳಿ. ಬಿಸಿ ಇರುವಾಗಲೇ ತಿನ್ನಿ.' ಸಂಜೆಯ ಮಂಡಕ್ಕಿ-ಮೆಣಸಿನಕಾಯಿಗೆ ಒಂದೇ ಪುಟ ಸಾಕು. ಅದನ್ನು ಓದುವ ಹೊತ್ತಿಗೆ ಕೈ ಖಾಲಿ ಇರಲ್ಲ.

ಬರೆದಾದ ಮೇಲೆ ಮನೆಯ ಯಾರಿಗಾದರೂ ಜೋರಾಗಿ ಓದಿ ಹೇಳಿ. ನಾನು ನಮ್ಮತ್ತೆಗೆ ಓದುತ್ತೇನೆ. ಅವರು "ಆಮೇಲೆ?" ಅಂದರೆ ಆ ಸಾಲು ಉಳಿಯುತ್ತದೆ. ಕಿಟಕಿ ಕಡೆ ನೋಡಿದರೆ ಹೊಡೆದು ಹಾಕುತ್ತೇನೆ. ಒಂದೇ ಮಾತನ್ನು ಎರಡು ಸಲ ತಮಾಷೆ ಮಾಡಿದ್ದರೆ ಎರಡನೆಯದು ತೆಗೆಯಿರಿ.

ಅಚ್ಚು ಹಾಕೋದು ಸುಲಭ. ನಾಲ್ಕು ಎ4 ಹಾಳೆ ಒಂದರ ಮೇಲೊಂದಿಟ್ಟು ಮಧ್ಯಕ್ಕೆ ಮಡಿಸಿದರೆ 16 ಪುಟ. ಬರೆಯುವ ಮುಂಚೆಯೇ ಹಾಳೆ ಮಡಿಸಿ ಪುಟಗಳಿಗೆ ನಂಬರ್ ಹಾಕಿ, ಬಿಚ್ಚಿದಾಗ ಯಾವ ಪುಟದ ಪಕ್ಕ ಯಾವುದು ಬರುತ್ತದೆ ಅಂತ ಗೊತ್ತಾಗುತ್ತದೆ. ಎರಡೂ ಬದಿ ಜೆರಾಕ್ಸ್ ಮಾಡಿಸಿ, ಮಡಿಕೆಯ ಮೇಲೆ ಎರಡು ಪಿನ್ ಹೊಡೆದರೆ ಮುಗಿಯಿತು. ನಡುವಿನ ಎರಡು ಪುಟಕ್ಕೆ ಕೈಯಲ್ಲಿ ಬರೆದ ನಕ್ಷೆ ಹಾಕಿ. ಸ್ಟೇಪ್ಲರ್ ಚಿಕ್ಕದಾಗಿದ್ದರೆ ಸೂಜಿ ದಾರದಲ್ಲಿ ಹೊಲಿಯಿರಿ, ಅದೇ ಗಟ್ಟಿ.

ಕೊನೆಯ ಎರಡು ಪುಟ ಖಾಲಿ ಬಿಟ್ಟು, ಪೆನ್ಸಿಲ್ ಜೊತೆಗೆ ಕೊಡಿ. ಹೋಗುವಾಗ ಪುಸ್ತಕ ವಾಪಸ್ ಕೇಳಿ, ಆ ಪುಟಗಳನ್ನು ನಕಲು ಮಾಡಿಕೊಂಡು ಮತ್ತೆ ಅವರಿಗೇ ಕೊಡಿ. ಕಳೆದ ಸಲ ದೊಡ್ಡ ಹುಡುಗಿ ಬರೆದಿದ್ದಳು: 'ಸೂಳೆಕೆರೆಗೆ ಕರೆದುಕೊಂಡು ಹೋಗ್ತೀನಿ ಅಂದ್ರಿ, ಹೋಗಲೇ ಇಲ್ಲ.' ಬರುವ ಭಾನುವಾರ ನಾನು ಮೊದಲು ಹೋಗಿ ಬರುತ್ತೇನೆ, ಅಲ್ಲಿ ಯಾವ ಹೊತ್ತಿಗೆ ಹಸಿವಾಗುತ್ತದೆ ಅಂತ ಬರೆದುಕೊಳ್ಳಬೇಕು.